ಕಥೆ ಬೇಡಿದ ದನಿ: ವನರಾಜ್ ಭಾಟಿಯಾ

ಭಾರತದ ಸಿನಿಮಾ ಸಂಗೀತವೆಂದರೆ ಸಾಮಾನ್ಯವಾಗಿ ಹಾಡುಗಳ ಲೆಕ್ಕ. ಒಬ್ಬ ಸಂಗೀತ ನಿರ್ದೇಶಕನ ಯೋಗ್ಯತೆಯನ್ನು ಅವನ ಎಷ್ಟು ಹಾಡುಗಳು ಜನರ ಬಾಯಲ್ಲಿವೆ ಎಂಬುದರಿಂದಲೇ ಅಳೆಯುವುದು ರೂಢಿ. ಈ ಅಳತೆಗೋಲಿಗೆ ಸುಲಭವಾಗಿ ಸಿಗದ ಹೆಸರು ವನರಾಜ್ ಭಾಟಿಯಾ (1927–2021). ಶ್ಯಾಮ್ ಬೆನಗಲ್ ಅವರ ‘ಅಂಕುರ್’, ‘ಮಂಥನ್’, ‘ಭೂಮಿಕಾ’, ‘ಮಂಡಿ’ ಚಿತ್ರಗಳು, ದೂರದರ್ಶನದ ‘ತಮಸ್’ ಮತ್ತು ‘ಭಾರತ್ ಏಕ್ ಖೋಜ್’, ಲಿರಿಲ್ ಸಾಬೂನಿನ ಜಾಹೀರಾತು ಇವೆಲ್ಲದರ ಸಂಗೀತ ಅವರದು. ಇವನ್ನು ಕೇಳಿಯೇ ಬೆಳೆದ ಒಂದು ತಲೆಮಾರಿಗೆ ಅವುಗಳ ಹಿಂದಿದ್ದವರು ಒಬ್ಬರೇ ಎಂಬುದು ಗೊತ್ತಿರಲಿಲ್ಲ. ಒಂದು ಕೃತಿಯ ಸಂಗೀತ ಇನ್ನೊಂದರಂತೆ ಕೇಳುತ್ತಿರಲಿಲ್ಲ ಎಂಬುದೂ ಅದಕ್ಕೊಂದು ಕಾರಣ. ಲಂಡನ್ ಮತ್ತು ಪ್ಯಾರಿಸ್‌ಗಳಲ್ಲಿ ಪಾಶ್ಚಾತ್ಯ ಶಾಸ್ತ್ರೀಯ ಸಂಗೀತ ಕಲಿತು ಬಂದ ಭಾಟಿಯಾ, ಆ ಕಲಿಕೆಯನ್ನು ಪ್ರದರ್ಶನಕ್ಕಿಡದೆ ಪ್ರತಿ ಕಥೆಗೂ ಅದರದೇ ದನಿ ಹುಡುಕಲು ಬಳಸಿದರು. ಚಲನಚಿತ್ರ ಹಾಗೂ ಕಿರುತೆರೆಯ ಸಂಗೀತ ರಚನೆಕಾರನ ಕಸುಬು ಎಂಥದ್ದು, ಅದಕ್ಕೆ ಯಾವ ತಯಾರಿ ಬೇಕು, ಅದರಿಂದ ಜೀವನ ಸಾಗುವುದು ಹೇಗೆ ಎಂಬುದನ್ನು ತಿಳಿಯಲು ಅವರ ವೃತ್ತಿಜೀವನ ಒಳ್ಳೆಯ ಉದಾಹರಣೆ.

ಕಲಿಕೆಯ ವರ್ಷಗಳು

ವನರಾಜ್ ಭಾಟಿಯಾ ಹುಟ್ಟಿದ್ದು 1927ರ ಮೇ 31ರಂದು, ಮುಂಬಯಿಯ ಕಚ್ಛಿ ಕುಟುಂಬವೊಂದರಲ್ಲಿ. ಬಾಲ್ಯದಲ್ಲಿ ದೇವಧರ್ ಸಂಗೀತ ಶಾಲೆಯಲ್ಲಿ ಹಿಂದುಸ್ತಾನಿ ಸಂಗೀತದ ಪಾಠವಾಯಿತು. ಹದಿಹರೆಯದಲ್ಲಿ ರಷ್ಯಾದ ಚೈಕೋವ್‌ಸ್ಕಿಯ ಪಿಯಾನೊ ಕನ್ಸರ್ಟೊ ಕೇಳಿದ ಮೇಲೆ ಮನಸ್ಸು ಪಾಶ್ಚಾತ್ಯ ಸಂಗೀತದತ್ತ ಹೊರಳಿತು. ಪಿಯಾನೊ ಕಲಿಕೆ ಆರಂಭವಾಯಿತು. ಜೊತೆಗೆ ಎಲ್ಫಿನ್‌ಸ್ಟನ್ ಕಾಲೇಜಿನಲ್ಲಿ ಓದಿ 1949ರಲ್ಲಿ ಇಂಗ್ಲಿಷ್ ಸಾಹಿತ್ಯದ ಎಂ.ಎ. ಪದವಿ ಪಡೆದರು. ಈ ಸಾಹಿತ್ಯದ ಓದು ಮುಂದೆ ಕಾವ್ಯಕ್ಕೆ ಸ್ವರ ಹಾಕುವಾಗ, ಚಿತ್ರಕಥೆಯನ್ನು ಓದಿ ಅರ್ಥ ಮಾಡಿಕೊಳ್ಳುವಾಗ ನೆರವಾಯಿತು.

ಆ ಬಳಿಕ ಲಂಡನ್ನಿನ ರಾಯಲ್ ಅಕಾಡೆಮಿ ಆಫ್ ಮ್ಯೂಸಿಕ್. ಅಲ್ಲಿ ಅವರು ಕಲಿತದ್ದು ಹಾಡುಗಾರಿಕೆಯನ್ನೂ ಅಲ್ಲ, ವಾದನವನ್ನೂ ಅಲ್ಲ, ಸಂಗೀತ ರಚನೆಯನ್ನು. ಹೊವಾರ್ಡ್ ಫರ್ಗುಸನ್, ಅಲನ್ ಬುಷ್, ವಿಲಿಯಂ ಆಲ್ವಿನ್ ಅವರ ಗುರುಗಳು. ಈ ಮೂವರಲ್ಲಿ ಆಲ್ವಿನ್ ಸ್ವತಃ ಬ್ರಿಟಿಷ್ ಚಿತ್ರರಂಗದ ಹೆಸರಾಂತ ಸಂಗೀತ ರಚನೆಕಾರ. ಗಂಭೀರ ಸಂಗೀತ ಬರೆಯುವವನು ಸಿನಿಮಾಕ್ಕೂ ಬರೆಯಬಹುದು, ಅದರಿಂದ ಮಾನಕ್ಕೇನೂ ಕುಂದಿಲ್ಲ ಎಂಬುದಕ್ಕೆ ಗುರುವೇ ಸಾಕ್ಷಿಯಾಗಿದ್ದರು. 1954ರಲ್ಲಿ ಚಿನ್ನದ ಪದಕದೊಂದಿಗೆ ಅಲ್ಲಿನ ಶಿಕ್ಷಣ ಮುಗಿಯಿತು.

ಮುಂದಿನ ನಿಲ್ದಾಣ ಪ್ಯಾರಿಸ್. ವಿದ್ಯಾರ್ಥಿವೇತನಗಳ ಬಲದಿಂದ ಭಾಟಿಯಾ ಅಲ್ಲಿ ನಾದಿಯಾ ಬುಲಾಂಜೆ ಬಳಿ ಕಲಿತರು. ಇಪ್ಪತ್ತನೆಯ ಶತಮಾನದ ಸಂಗೀತದಲ್ಲಿ ಬುಲಾಂಜೆಯಷ್ಟು ಶಿಷ್ಯರನ್ನು ತಯಾರು ಮಾಡಿದ ಗುರು ವಿರಳ. ಅಮೆರಿಕದ ಆರನ್ ಕೋಪ್ಲಂಡ್, ಫಿಲಿಪ್ ಗ್ಲಾಸ್, ಕ್ವಿನ್ಸಿ ಜೋನ್ಸ್, ಅರ್ಜೆಂಟೀನಾದ ಆಸ್ಟರ್ ಪಿಯಾಜೊಲಾ ಎಲ್ಲರೂ ಅವರ ಬಳಿ ಪಾಠ ಹೇಳಿಸಿಕೊಂಡವರೇ. ಈ ಶಿಷ್ಯರ ಸಂಗೀತಗಳಲ್ಲಿ ಒಂದಕ್ಕೊಂದು ಹೋಲಿಕೆಯಿಲ್ಲ. ಬುಲಾಂಜೆ ಶೈಲಿಯನ್ನು ಕಲಿಸುತ್ತಿರಲಿಲ್ಲ. ಸ್ವರಮೇಳ, ಹಲವು ರಾಗಪಂಕ್ತಿಗಳನ್ನು ಒಟ್ಟಿಗೆ ನಡೆಸುವ ಕೌಂಟರ್‌ಪಾಯಿಂಟ್, ಸ್ವರಲಿಪಿಯ ಓದು, ಕಿವಿಯ ತಯಾರಿ ಇಂಥ ಮೂಲ ಕಸುಬನ್ನು ಕಟ್ಟುನಿಟ್ಟಾಗಿ ಕಲಿಸಿ, ಶೈಲಿಯನ್ನು ಶಿಷ್ಯರಿಗೇ ಬಿಡುತ್ತಿದ್ದರು. ಭಾಟಿಯಾ ಅವರ ಮುಂದಿನ ಕೆಲಸದಲ್ಲಿ ಕಾಣುವ ವೈವಿಧ್ಯಕ್ಕೆ ಈ ತರಬೇತಿಯೇ ಬುನಾದಿ.

ಜಾಹೀರಾತಿನ ಮೂವತ್ತು ಸೆಕೆಂಡು

1959ರಲ್ಲಿ ಭಾರತಕ್ಕೆ ಮರಳಿದ ಅವರ ಎದುರಿಗಿದ್ದ ಪ್ರಶ್ನೆ ಸರಳವಾಗಿತ್ತು: ಸಿಂಫನಿ ಬರೆಯಬಲ್ಲವನಿಗೆ ಇಲ್ಲಿ ಕೆಲಸವೆಲ್ಲಿ? ಅವರ ರಚನೆಗಳನ್ನು ನುಡಿಸಬಲ್ಲ ಪೂರ್ಣಪ್ರಮಾಣದ ವೃತ್ತಿಪರ ವಾದ್ಯವೃಂದವೇ ಆಗ ದೇಶದಲ್ಲಿ ಇರಲಿಲ್ಲವೆನ್ನಬೇಕು. 1960ರಿಂದ 1965ರವರೆಗೆ ದೆಹಲಿ ವಿಶ್ವವಿದ್ಯಾಲಯದಲ್ಲಿ ಪಾಶ್ಚಾತ್ಯ ಸಂಗೀತಶಾಸ್ತ್ರದ ರೀಡರ್ ಆಗಿ ಪಾಠ ಮಾಡಿದರು. ಹೆಚ್ಚುಕಡಿಮೆ ಅದೇ ಕಾಲದಲ್ಲಿ ಜಾಹೀರಾತಿನ ಬಾಗಿಲು ತೆರೆಯಿತು. ಸೀರೆ ಕಂಪನಿಯೊಂದರ ಜಾಹೀರಾತಿನಿಂದ ಶುರುವಾದ ಕೆಲಸ ಬೆಳೆಯುತ್ತ ಹೋಗಿ, ಅವರು ಮಾಡಿದ ಜಿಂಗಲ್‌ಗಳ ಸಂಖ್ಯೆ 7000 ದಾಟಿತೆಂದು ಹೇಳುತ್ತಾರೆ. ಲಿರಿಲ್, ಗಾರ್ಡನ್ ವರೇಲಿ, ಡ್ಯುಲಕ್ಸ್ ಅವುಗಳಲ್ಲಿ ಹೆಸರಾದವು. ಜಲಪಾತದಡಿ ಮೀಯುವ ಹುಡುಗಿಯ ಲಿರಿಲ್ ಜಾಹೀರಾತಿನಲ್ಲಿ ಪದಗಳಿಗಿಂತ ರಾಗದ ಹಮ್ಮಿಂಗ್‌ಗೇ ಹೆಚ್ಚು ಕೆಲಸ. ಭಾಷೆಯ ಹಂಗಿಲ್ಲದ ಅದು ದೇಶದ ಮೂಲೆಮೂಲೆಯ ಚಿತ್ರಮಂದಿರಗಳಲ್ಲಿ ನಡೆಯಿತು.

ಜಾಹೀರಾತು ಸಂಗೀತವನ್ನು ಕೀಳಾಗಿ ಕಾಣುವವರುಂಟು. ಆದರೆ ರಚನೆಕಾರನಿಗೆ ಅದು ಕಠಿಣ ಪಾಠಶಾಲೆ. ಮೂವತ್ತು ಸೆಕೆಂಡಿನಲ್ಲಿ ವಾತಾವರಣ ಹುಟ್ಟಬೇಕು, ರಾಗ ಕಿವಿಯಲ್ಲಿ ನಿಲ್ಲಬೇಕು, ಕೊನೆಗೆ ಸರಕಿನ ಹೆಸರು ಸ್ಪಷ್ಟವಾಗಿ ಕೇಳಬೇಕು. ಒಂದು ದಿನ ಜಾನಪದ ಮಟ್ಟು, ಮರುದಿನ ಜಾಸ್, ಅದರ ಮರುದಿನ ಗಜಲ್. ಅಂದಂದಿನ ಕೆಲಸ ಅಂದಂದೇ ರೆಕಾರ್ಡ್ ಆಗಬೇಕು. ವಾದ್ಯಗಾರರ ಪಾಳಿ ಮೀರಿದರೆ ಖರ್ಚು ಏರುತ್ತದೆ. ಚಿಕ್ಕದರಲ್ಲಿ ಮುಗಿಸುವ ಶಿಸ್ತು, ಯಾವ ಶೈಲಿಗೂ ಒಗ್ಗುವ ಕೈ, ಸ್ಟುಡಿಯೊದ ಒಳಗುಟ್ಟುಗಳ ಅರಿವು ಮೂರೂ ಭಾಟಿಯಾ ಅವರಿಗೆ ಸಿಕ್ಕಿದ್ದು ಇಲ್ಲಿ. ಹೊಟ್ಟೆಪಾಡಿನ ಮಾತೂ ಇತ್ತು. ಮುಂದೆ ಕಡಿಮೆ ಬಜೆಟ್ಟಿನ ಹೊಸ ಅಲೆಯ ಚಿತ್ರಗಳಿಗೆ ದುಡಿಯಲು ಅವರಿಗೆ ಸಾಧ್ಯವಾದದ್ದು ಜಾಹೀರಾತಿನ ಗಳಿಕೆ ಬೆನ್ನಿಗಿದ್ದುದರಿಂದ.

‘ಅಂಕುರ್’ನಿಂದ ಶುರು

ಜಾಹೀರಾತು ಲೋಕದಲ್ಲೇ ದುಡಿಯುತ್ತಿದ್ದ ಇನ್ನೊಬ್ಬರು ಶ್ಯಾಮ್ ಬೆನಗಲ್. ಅವರ ಮೊದಲ ಕಥಾಚಿತ್ರ ‘ಅಂಕುರ್’ಗೆ ಹಣ ಹಾಕಿದ್ದು ಕೂಡ ಚಿತ್ರಮಂದಿರಗಳಿಗೆ ಜಾಹೀರಾತು ಚಿತ್ರಗಳನ್ನು ಹಂಚುತ್ತಿದ್ದ ಬ್ಲೇಜ್ ಸಂಸ್ಥೆ. 1974ರಲ್ಲಿ ತೆರೆಗೆ ಬಂದ ಈ ಚಿತ್ರದಿಂದ ಭಾಟಿಯಾ ಕಥಾಚಿತ್ರಗಳಿಗೆ ಕಾಲಿಟ್ಟಾಗ ಅವರ ವಯಸ್ಸು 47ರ ಆಸುಪಾಸು. ತೆಲಂಗಾಣದ ಹಳ್ಳಿಯ ಜಮೀನ್ದಾರಿ ದಬ್ಬಾಳಿಕೆಯ ಕಥೆಗೆ ರೂಢಿಯ ಹಾಡುಕುಣಿತಗಳು ಬೇಕಿರಲಿಲ್ಲ. ಹಕ್ಕಿಯ ಕೂಗು, ಬಾವಿಯ ಸದ್ದು, ಮಾತಿನ ನಡುವಿನ ಮೌನಗಳೇ ತುಂಬಿದ್ದ ಚಿತ್ರದಲ್ಲಿ ಸಂಗೀತ ಎಲ್ಲಿ ಬರಬಾರದು ಎಂಬುದನ್ನು ತೀರ್ಮಾನಿಸುವುದೇ ದೊಡ್ಡ ಕೆಲಸವಾಗಿತ್ತು.

ಹಿನ್ನೆಲೆ ಸಂಗೀತದ ಕಸುಬು ಇಲ್ಲಿಯೇ ಹಾಡಿನ ಕಸುಬಿನಿಂದ ಬೇರೆಯಾಗುತ್ತದೆ. ಹಾಡು ಸಾಮಾನ್ಯವಾಗಿ ಚಿತ್ರೀಕರಣಕ್ಕೆ ಮೊದಲೇ ಸಿದ್ಧವಾಗುತ್ತದೆ. ನಟನಟಿಯರು ಅದಕ್ಕೆ ತುಟಿ ಆಡಿಸುತ್ತಾರೆ. ಹಿನ್ನೆಲೆ ಸಂಗೀತ ಹುಟ್ಟುವುದು ಸಂಕಲನ ಮುಗಿದ ಮೇಲೆ. ನಿರ್ದೇಶಕ ಮತ್ತು ರಚನೆಕಾರ ಒಟ್ಟಿಗೆ ಕೂತು ಚಿತ್ರ ನೋಡಿ, ಎಲ್ಲಿ ಸಂಗೀತ ಶುರುವಾಗಬೇಕು, ಎಲ್ಲಿ ನಿಲ್ಲಬೇಕು ಎಂದು ಗುರುತು ಹಾಕಿಕೊಳ್ಳುತ್ತಾರೆ. ಪ್ರತಿ ತುಣುಕಿನ ಉದ್ದವನ್ನು ಸೆಕೆಂಡುಗಳಲ್ಲಿ ಅಳೆಯಲಾಗುತ್ತದೆ. ಆ ಅಳತೆಗೆ ಸರಿಯಾಗಿ ಸಂಗೀತ ಬರೆದು, ತೆರೆಯ ಮೇಲೆ ದೃಶ್ಯ ಓಡುತ್ತಿರುವಾಗಲೇ ವಾದ್ಯಗಾರರಿಂದ ನುಡಿಸಿ ರೆಕಾರ್ಡ್ ಮಾಡಿಕೊಳ್ಳುವುದು ಆ ಕಾಲದ ಪದ್ಧತಿ. ನಮ್ಮ ಚಿತ್ರರಂಗದಲ್ಲಿ ಇದಕ್ಕೆ ರೀರೆಕಾರ್ಡಿಂಗ್ ಎಂದೇ ಹೆಸರು. ಕೊನೆಗೆ ಮಾತು, ಸದ್ದು, ಸಂಗೀತ ಮೂರನ್ನೂ ಹದವಾಗಿ ಬೆರೆಸುವ ಮಿಕ್ಸಿಂಗ್. ಅಲ್ಲಿ ಮಾತಿಗೇ ಮೊದಲ ಮಣೆ. ರಚನೆಕಾರ ಕಷ್ಟಪಟ್ಟು ಬರೆದದ್ದು ಅನೇಕ ಸಲ ಕೇಳಿಯೂ ಕೇಳದಂತೆ ಕೆಳಗಿಳಿಯುತ್ತದೆ.

ಮುಂಬಯಿ ಚಿತ್ರರಂಗದಲ್ಲಿ ಈ ಕೆಲಸ ಹಲವರ ನಡುವೆ ಹಂಚಿಹೋಗಿತ್ತು. ಸಂಗೀತ ನಿರ್ದೇಶಕ ಹಾರ್ಮೋನಿಯಂ ಮುಂದೆ ಕೂತು ಮಟ್ಟು ಹಾಕುತ್ತಿದ್ದ. ಅದಕ್ಕೆ ವಾದ್ಯಗಳನ್ನು ಹೊಂದಿಸಿ ಸ್ವರಲಿಪಿ ಬರೆಯುತ್ತಿದ್ದವನು ಅರೇಂಜರ್. ಆಂಥೊನಿ ಗೊನ್ಸಾಲ್ವಿಸ್, ಸೆಬಾಸ್ಟಿಯನ್ ಡಿಸೋಜರಂಥ ಗೋವಾ ಮೂಲದ ಸಂಗೀತಗಾರರು ಈ ಕೆಲಸದಲ್ಲಿ ನಿಸ್ಸೀಮರು. ಭಾಟಿಯಾ ಅವರಿಗಾದರೋ ಮಟ್ಟೂ ಕೈವಶ, ಸ್ವರಲಿಪಿಯೂ ಕೈವಶ. ಯಾವ ವಾದ್ಯ ಯಾವ ಕ್ಷಣದಲ್ಲಿ ಯಾವ ಸ್ವರ ನುಡಿಸಬೇಕೆಂಬುದನ್ನು ಅವರೇ ಕಾಗದದ ಮೇಲೆ ಬರೆಯಬಲ್ಲವರಾಗಿದ್ದರು. ಬಜೆಟ್ ಕಡಿಮೆಯಿದ್ದಾಗ ಬೆರಳೆಣಿಕೆಯ ವಾದ್ಯಗಳಲ್ಲೇ ಕೆಲಸ ಮುಗಿಸುವುದೂ ಇದರಿಂದ ಸಾಧ್ಯವಾಯಿತು.

ಒಂದೊಂದು ಚಿತ್ರಕ್ಕೆ ಒಂದೊಂದು ಲೋಕ

ಬೆನಗಲ್ ಅವರೊಂದಿಗಿನ ಒಡನಾಟ ‘ಅಂಕುರ್’ನಿಂದ ಮುಂದೆ ಎರಡು ದಶಕಕ್ಕೂ ಹೆಚ್ಚು ಕಾಲ ನಡೆಯಿತು. ಈ ಚಿತ್ರಗಳ ಕಾಲ, ಪ್ರದೇಶ, ಸಮಾಜ ಒಂದೊಂದೂ ಬೇರೆ. ಭಾಟಿಯಾ ಅವರ ಕೆಲಸದ ಕ್ರಮವೂ ಅಲ್ಲಿಂದಲೇ ಆರಂಭ: ಈ ಜನರ ನಡುವೆ ಯಾವ ಸಂಗೀತವಿದ್ದೀತು?

‘ನಿಶಾಂತ್’ (1975) ಕೂಡ ತೆಲಂಗಾಣದ ಕಥೆ. ಅಲ್ಲಿಗೆ ಅವರು ಆರಿಸಿದ್ದು ಗೋಲ್ಕೊಂಡದ ಅರಸ ಮುಹಮ್ಮದ್ ಕುಲಿ ಕುತುಬ್ ಷಾನ ದಖನಿ ಕಾವ್ಯವನ್ನು. ಮರುವರ್ಷದ ‘ಮಂಥನ್’ ಗುಜರಾತಿನ ಹಾಲು ಉತ್ಪಾದಕರ ಸಹಕಾರ ಚಳವಳಿಯ ಚಿತ್ರ. ಐದು ಲಕ್ಷ ರೈತರು ತಲಾ ಎರಡು ರೂಪಾಯಿ ಕೊಟ್ಟು ನಿರ್ಮಿಸಿದ ಈ ಚಿತ್ರದ ನಾಯಕ, ಪಶುವೈದ್ಯ ಡಾ. ರಾವ್, ನಮ್ಮ ಗಿರೀಶ್ ಕಾರ್ನಾಡ್. ಅದರ ಶೀರ್ಷಿಕೆ ಗೀತೆಯನ್ನು ಭಾಟಿಯಾ ಗುಜರಾತಿ ಜಾನಪದದ ಧಾಟಿಯಲ್ಲಿ ಕಟ್ಟಿದರು. ಹಳ್ಳಿಯ ಹೆಣ್ಣಿನ ದನಿಯಲ್ಲಿರುವ ಆ ಹಾಡಿಗೆ ಪ್ರೀತಿ ಸಾಗರ್ 1978ರ ಫಿಲ್ಮ್‌ಫೇರ್ ಪ್ರಶಸ್ತಿ ಪಡೆದರು. ಮುಂದೆ ಅದು ಅಮುಲ್ ಜಾಹೀರಾತಿನಲ್ಲೂ ಬಳಕೆಯಾಗಿ ಮನೆಮಾತಾಯಿತು. ಫಿಲ್ಮ್ ಹೆರಿಟೇಜ್ ಫೌಂಡೇಶನ್ ಜೀರ್ಣೋದ್ಧಾರ ಮಾಡಿದ ಈ ಚಿತ್ರದ ಪ್ರತಿ 2024ರಲ್ಲಿ ಕಾನ್ ಚಲನಚಿತ್ರೋತ್ಸವದಲ್ಲಿ ಪ್ರದರ್ಶನಗೊಂಡಿತು.

‘ಭೂಮಿಕಾ’ (1977) ಇನ್ನೂ ಕಠಿಣ ಪರೀಕ್ಷೆ. ಮರಾಠಿ ನಟಿ ಹಂಸಾ ವಾಡ್ಕರ್ ಅವರ ಆತ್ಮಕಥೆಯನ್ನು ಆಧರಿಸಿದ ಈ ಚಿತ್ರದಲ್ಲಿ ನಾಯಕಿಯೇ ಚಿತ್ರನಟಿ. ಅವಳು ನಟಿಸುವ ಚಿತ್ರಗಳು ಒಳಚಿತ್ರಗಳಾಗಿ ಬರುತ್ತವೆ. ಅವಕ್ಕೆ ಬೇಕಾದ ಹಾಡುಗಳು ಆಯಾ ದಶಕದ ಸಿನಿಮಾದಿಂದಲೇ ಎತ್ತಿ ತಂದಂತೆ ಕೇಳಬೇಕು. ಆದರೆ ಅವು ಹೊಸದಾಗಿ ಬರೆದವು. ರಾಗದ ನಡೆ, ವಾದ್ಯಗಳ ಆಯ್ಕೆ, ಹಾಡುವವರ ಕಂಠ, ಆಗಿನ ಮೈಕಿನ ಮುಂದೆ ಹಾಡುತ್ತಿದ್ದ ರೀತಿ ಎಲ್ಲವನ್ನೂ ಗಮನಿಸಿ ಭಾಟಿಯಾ ಅವನ್ನು ಕಟ್ಟಿದರು. ಕಿರಾಣಾ ಘರಾಣೆಯ ಅಬ್ದುಲ್ ಕರೀಂ ಖಾನ್ ಅವರ ಮಗಳು ಸರಸ್ವತಿಬಾಯಿ ರಾಣೆಯವರಂಥ ಹಿರಿಯ ಗಾಯಕಿಯನ್ನು ಹಾಡಿಸಿದ್ದು ಈ ಕಾಳಜಿಯ ಒಂದು ಗುರುತು. ಅಣಕವಾಗಬಹುದಾಗಿದ್ದ ಕೆಲಸ ಹೀಗೆ ಇತಿಹಾಸದ ಪುನರ್ರಚನೆಯಾಯಿತು.

1857ರ ಹೋರಾಟದ ಹಿನ್ನೆಲೆಯ ‘ಜುನೂನ್’ನಲ್ಲಿ (1978) ಮಹಮ್ಮದ್ ರಫಿ ದನಿಯಿದೆ. ಮಹಾಭಾರತವನ್ನು ಉದ್ಯಮಿಗಳ ಮನೆಜಗಳಕ್ಕೆ ಅಳವಡಿಸಿದ ‘ಕಲಿಯುಗ್’ (1981) ನಗರದ ಚಿತ್ರ. ‘ಮಂಡಿ’ಯಲ್ಲಿ (1983) ವೇಶ್ಯಾಗೃಹದ ಗಜಲು, ಠುಮರಿಗಳ ಲೋಕ. ಪೋರ್ಚುಗೀಸ್ ಆಡಳಿತದ ಕೊನೆಯ ದಿನಗಳ ಗೋವೆಯನ್ನು ತೋರಿಸುವ ‘ತ್ರಿಕಾಲ್’ನಲ್ಲಿ (1985) ಗೋವೆಯ ಗಿಟಾರು, ಪಾಶ್ಚಾತ್ಯ ಮೇಳ. ದೇಶವಿಭಜನೆಯ ಬಿಸಿ ತಟ್ಟಿದ ಮುದುಕಿಯ ಕಥೆ ‘ಮಮ್ಮೊ’ದಲ್ಲಿ (1994) ಜಗಜೀತ್ ಸಿಂಗ್ ಹಾಡಿದರು. ಠುಮರಿ ಗಾಯಕಿಯೊಬ್ಬಳ ಬದುಕಿನ ‘ಸರ್ದಾರಿ ಬೇಗಂ’ಗೆ (1996) ಜಾವೇದ್ ಅಖ್ತರ್ ಸಾಹಿತ್ಯ, ಆರತಿ ಅಂಕಲಿಕರ್ ಮುಖ್ಯ ಕಂಠ. ಪ್ಯಾರಿಸ್ಸಿನಲ್ಲಿ ಕಲಿತ ರಚನೆಕಾರ ಬರೆದ ಠುಮರಿಗಳಿವು ಎಂದು ಹೇಳದೆ ತಿಳಿಯುವಂತಿಲ್ಲ.

ಬೆನಗಲ್ ಅವರಾಚೆಗೂ ಹೊಸ ಅಲೆಯ ನಿರ್ದೇಶಕರು ಭಾಟಿಯಾ ಅವರನ್ನು ಅರಸಿ ಬಂದರು. ಅಪರ್ಣಾ ಸೇನ್ ಅವರ ‘36 ಚೌರಂಗಿ ಲೇನ್’ (1981), ಕುಂದನ್ ಷಾ ಅವರ ‘ಜಾನೇ ಭಿ ದೋ ಯಾರೋ’ (1983), ಸಯೀದ್ ಮಿರ್ಜಾರ ‘ಮೋಹನ್ ಜೋಶಿ ಹಾಜಿರ್ ಹೋ’ (1984), ಕುಮಾರ್ ಶಹಾನಿಯವರ ‘ತರಂಗ್’ (1984) ಅವುಗಳಲ್ಲಿ ಕೆಲವು. ‘36 ಚೌರಂಗಿ ಲೇನ್’ನ ನಾಯಕಿ, ಕಲ್ಕತ್ತೆಯ ಒಂಟಿ ಆಂಗ್ಲೊ ಇಂಡಿಯನ್ ಶಿಕ್ಷಕಿಯ ಮನೆಗೆ ಪಾಶ್ಚಾತ್ಯ ಸಂಗೀತವೇ ಸಹಜ. ಆ ಚಿತ್ರದಲ್ಲಿ ಅವರ ಲಂಡನ್ ಕಲಿಕೆ ನೇರವಾಗಿಯೇ ಕೆಲಸಕ್ಕೆ ಬಂತು. ‘ಅಜೂಬಾ’ದಂಥ ದೊಡ್ಡ ಬಜೆಟ್ಟಿನ ಚಿತ್ರದಲ್ಲಿ ಹಾಡುಗಳು ಲಕ್ಷ್ಮೀಕಾಂತ್–ಪ್ಯಾರೇಲಾಲ್ ಅವರದಾದರೆ ಹಿನ್ನೆಲೆ ಸಂಗೀತ ಭಾಟಿಯಾ ಅವರದು. ಹಾಡಿಗೊಬ್ಬರು, ಹಿನ್ನೆಲೆಗೊಬ್ಬರು ಎಂಬ ಈ ಹಂಚಿಕೆ ಇಂದು ಎಲ್ಲ ಭಾಷೆಯ ಚಿತ್ರಗಳಲ್ಲೂ ಸಾಮಾನ್ಯವಾಗಿದೆ.

ರಾಗ ಮತ್ತು ಸ್ವರಮೇಳದ ಬಿಕ್ಕಟ್ಟು

ಪಾಶ್ಚಾತ್ಯ ಕಲಿಕೆಯ ರಚನೆಕಾರ ಭಾರತೀಯ ರಾಗಕ್ಕೆ ಕೈ ಹಚ್ಚಿದಾಗ ಎದುರಾಗುವ ತಾಂತ್ರಿಕ ತೊಡಕೊಂದಿದೆ. ಪಾಶ್ಚಾತ್ಯ ಸಂಗೀತದ ಕಟ್ಟಡ ನಿಂತಿರುವುದು ಕಾರ್ಡ್‌ಗಳ ಮೇಲೆ, ಅಂದರೆ ಏಕಕಾಲಕ್ಕೆ ಕೇಳುವ ಮೂರು ಅಥವಾ ಹೆಚ್ಚು ಸ್ವರಗಳ ಗುಂಪಿನ ಮೇಲೆ. ಅಲ್ಲಿ ಅತಿ ಹೆಚ್ಚು ಬಳಕೆಯ ಮೂರು ಕಾರ್ಡ್‌ಗಳನ್ನು ನಮ್ಮ ಸ್ವರಗಳಲ್ಲಿ ಹೇಳುವುದಾದರೆ ಸ–ಗ–ಪ, ಮ–ದ–ಸ, ಪ–ನಿ–ರಿ. ಮೋಹನ ರಾಗವನ್ನೇ ತೆಗೆದುಕೊಳ್ಳಬಹುದು. ಅದರಲ್ಲಿ ಮಧ್ಯಮವೂ ಇಲ್ಲ, ನಿಷಾದವೂ ಇಲ್ಲ. ಮೊದಲ ಕಾರ್ಡ್ ಹೊಂದುತ್ತದೆ, ಮಿಕ್ಕೆರಡೂ ರಾಗಕ್ಕೆ ವರ್ಜ್ಯವಾದ ಸ್ವರವನ್ನು ಒಳತರುತ್ತವೆ. ಕಾರ್ಡ್ ಬದಲಾದಂತೆಲ್ಲ ಆಧಾರ ಷಡ್ಜದ ಹಿಡಿತವೂ ಸಡಿಲಗೊಳ್ಳುತ್ತದೆ. ಲೆಕ್ಕಿಸದೆ ಕಾರ್ಡ್ ತುಂಬಿದರೆ ರಾಗ ಹೋಗಿ ಬರಿಯ ಟ್ಯೂನ್ ಉಳಿಯುತ್ತದೆ.

ಇದಕ್ಕೆ ದಾರಿಗಳಿವೆ. ಕಾರ್ಡ್‌ಗಳ ಬದಲು ಎರಡು ಮೂರು ರಾಗಪಂಕ್ತಿಗಳನ್ನು ಒಟ್ಟಿಗೆ ನಡೆಸುವ ಕೌಂಟರ್‌ಪಾಯಿಂಟ್ ಒಂದು ದಾರಿ. ಪ್ರತಿ ಪಂಕ್ತಿಯೂ ರಾಗದೊಳಗಿನ ಸ್ವರಗಳಲ್ಲೇ ನಡೆಯಬಹುದು. ತಂಬೂರಿಯಂಥ ಶ್ರುತಿಯನ್ನು ಕೆಳಗೆ ನಿಲ್ಲಿಸಿ ಅದರ ಮೇಲೆ ದನಿಗಳನ್ನು ಪದರಪದರವಾಗಿ ಏರಿಸುವುದು ಇನ್ನೊಂದು. ಕೆಲವೆಡೆ ಸ್ವರಮೇಳವನ್ನೇ ಕೈಬಿಟ್ಟು ಒಂಟಿ ವಾದ್ಯ ಅಥವಾ ಒಂಟಿ ಕಂಠಕ್ಕೆ ನಿಲ್ಲುವುದೇ ಸರಿ. ಯಾವುದನ್ನು ಎಲ್ಲಿ ಬಳಸಬೇಕೆಂಬ ಆಯ್ಕೆಯಲ್ಲಿ ರಚನೆಕಾರನ ತಿಳಿವಳಿಕೆ ಕಾಣುತ್ತದೆ. ಭಾಟಿಯಾ ಅವರ ಈ ತಿಳಿವಳಿಕೆ ಪೂರ್ಣವಾಗಿ ಅರಳಿದ್ದು ಕಿರುತೆರೆಯ ಕೆಲಸದಲ್ಲಿ.

ದೂರದರ್ಶನದ ದಶಕ

1980ರ ದಶಕದ ನಡುಭಾಗದಲ್ಲಿ ದೂರದರ್ಶನದ ಧಾರಾವಾಹಿಗಳು ಶುರುವಾದಾಗ ಸಂಗೀತಗಾರರಿಗೆ ಹೊಸ ಮಾಧ್ಯಮವೊಂದು ತೆರೆಯಿತು. ಅದರ ಕಟ್ಟಳೆಗಳು ಸಿನಿಮಾದವಲ್ಲ. ಶೀರ್ಷಿಕೆ ಸಂಗೀತ ಪ್ರತಿ ವಾರ ಬರುತ್ತದೆ. ಹತ್ತಾರು ಸಲ ಕೇಳಿದರೂ ಬೇಸರ ಹುಟ್ಟಬಾರದು, ಒಳಕೋಣೆಯಲ್ಲಿದ್ದವರೂ ಕೇಳಿದೊಡನೆ ಗುರುತಿಸಬೇಕು. ಆಗಿನ ಟಿ.ವಿ.ಗಳ ಪುಟ್ಟ ಸ್ಪೀಕರಿನಲ್ಲಿ ಮಂದ್ರದ ವಾದ್ಯಗಳು ಅಷ್ಟಾಗಿ ಕೇಳುತ್ತಿರಲಿಲ್ಲ. ಮನುಷ್ಯಕಂಠ, ಕೊಳಲು, ಪಿಟೀಲು ಚೆನ್ನಾಗಿ ಕೇಳುತ್ತಿದ್ದವು. ವಾರವಾರದ ಗಡುವಿನಲ್ಲಿ ಪ್ರತಿ ಕಂತಿಗೂ ಹೊಸದಾಗಿ ಬರೆಯುವುದು ಆಗದ ಮಾತು. ಹಾಗಾಗಿ ದುಃಖಕ್ಕೆ, ಆತಂಕಕ್ಕೆ, ಹಾಸ್ಯಕ್ಕೆ ಎಂದು ತುಣುಕುಗಳ ಸಂಗ್ರಹ ಮಾಡಿಟ್ಟುಕೊಂಡು ಮರುಬಳಸುವ ಜಾಣ್ಮೆ ಬೇಕು. ಜಾಹೀರಾತಿನಲ್ಲಿ ಪಳಗಿದ ಭಾಟಿಯಾ ಅವರಿಗೆ ಇದ್ಯಾವುದೂ ಹೊಸದಲ್ಲ. ‘ಖಾನ್‌ದಾನ್’, ‘ಯಾತ್ರಾ’, ‘ವಾಗ್ಲೆ ಕೀ ದುನಿಯಾ’ ಧಾರಾವಾಹಿಗಳಿಗೆ ಅವರು ಸಂಗೀತ ಕೊಟ್ಟರು.

‘ತಮಸ್’ 1988ರಲ್ಲಿ ಪ್ರಸಾರವಾಯಿತು. ದೇಶವಿಭಜನೆಯ ಹಿಂಸೆಯನ್ನು ಕುರಿತ ಭೀಷ್ಮ ಸಾಹನಿಯವರ ಕಾದಂಬರಿಯನ್ನು ಗೋವಿಂದ ನಿಹಲಾನಿ ತೆರೆಗೆ ತಂದಿದ್ದರು. ಪ್ರಸಾರ ನಿಲ್ಲಿಸಬೇಕೆಂಬ ಅರ್ಜಿ ಸುಪ್ರೀಂ ಕೋರ್ಟಿನವರೆಗೂ ಹೋಗಿ, ನ್ಯಾಯಾಲಯ ಪ್ರಸಾರದ ಪರವಾಗಿ ತೀರ್ಪು ಕೊಟ್ಟಿತು. ಇಂಥ ವಸ್ತುವಿಗೆ ಕರುಣಾಜನಕ ಸಂಗೀತ ಸುರಿಯುವುದು ಸುಲಭದ ದಾರಿ. ಭಾಟಿಯಾ ಆ ದಾರಿ ಹಿಡಿಯಲಿಲ್ಲ. ಶೀರ್ಷಿಕೆಯಲ್ಲಿ ದೇವರನ್ನು ಕೂಗುವ ಆರ್ತನಾದವೊಂದು ಏಳುತ್ತದೆ. ರಾಗವಾಗಿ ಮೃದುವಾಗದ ಆ ಕೂಗೇ ಇಡೀ ಕೃತಿಗೆ ಶ್ರುತಿ ಹಿಡಿಯುತ್ತದೆ. ಈ ಸಂಗೀತಕ್ಕೆ ಅವರಿಗೆ ಅತ್ಯುತ್ತಮ ಸಂಗೀತ ನಿರ್ದೇಶನದ ರಾಷ್ಟ್ರಪ್ರಶಸ್ತಿ ಬಂತು.

ಅದೇ ವರ್ಷ ಆರಂಭವಾದ ‘ಭಾರತ್ ಏಕ್ ಖೋಜ್’ ಅಳತೆಯಲ್ಲೇ ಬೇರೆ. ಅಹಮದ್‌ನಗರ ಕೋಟೆಯ ಸೆರೆಯಲ್ಲಿ ಜವಾಹರಲಾಲ್ ನೆಹರೂ ಬರೆದ ಗ್ರಂಥವನ್ನು ಆಧರಿಸಿ ಬೆನಗಲ್ ನಿರ್ದೇಶಿಸಿದ 53 ಕಂತುಗಳ ಸರಣಿಯಿದು. ಛಾಯಾಗ್ರಹಣ ಮೈಸೂರಿನ ವಿ.ಕೆ. ಮೂರ್ತಿ ಅವರದು. ಸಿಂಧೂ ನಾಗರಿಕತೆಯಿಂದ ಸ್ವಾತಂತ್ರ್ಯದವರೆಗಿನ ಐದು ಸಾವಿರ ವರ್ಷಗಳಿಗೆ ಒಂದು ಶೀರ್ಷಿಕೆ ಸಂಗೀತ ಹೇಗಿರಬೇಕು? ಆಯ್ಕೆಯಾದದ್ದು ಋಗ್ವೇದದ ಹತ್ತನೆಯ ಮಂಡಲದ ನಾಸದೀಯ ಸೂಕ್ತ. ಸೃಷ್ಟಿಗೆ ಮುನ್ನ ಏನಿತ್ತು ಎಂದು ಕೇಳಿ, ಉತ್ತರವನ್ನು ಸಂದೇಹದಲ್ಲೇ ಬಿಡುವ ಸೂಕ್ತ ಅದು. ಮೊದಲು ಸಂಸ್ಕೃತ, ಬಳಿಕ ವಸಂತ ದೇವ್ ಅವರ ಹಿಂದಿ ರೂಪ. ಕಂತಿನ ಮುಕ್ತಾಯಕ್ಕೆ ಅದೇ ಮಂಡಲದ ಹಿರಣ್ಯಗರ್ಭ ಸೂಕ್ತ.

ವೇದಘೋಷದ ಸ್ವರಗಳು ಕೆಲವೇ ಕೆಲವು, ನಡೆ ಏಕತಾನದ್ದು. ಅದನ್ನು ಹಾಗೆಯೇ ಇಟ್ಟರೆ ದೇವಸ್ಥಾನದ ಪಠಣವಾಗುತ್ತದೆ, ಸಿನಿಮಾ ರಾಗ ಹಾಕಿದರೆ ಭಕ್ತಿಗೀತೆಯಾಗುತ್ತದೆ. ಭಾಟಿಯಾ ವೃಂದಗಾನವನ್ನು ಆರಿಸಿಕೊಂಡು, ಘೋಷದ ಸರಳತೆಯನ್ನು ಉಳಿಸಿ, ಅದರ ಮೇಲೆ ದನಿಗಳ ಪದರಗಳನ್ನು ಕಟ್ಟಿದರು. ಐರೋಪ್ಯ ಚರ್ಚ್ ಸಂಗೀತದಲ್ಲಿ ಶತಮಾನಗಳಿಂದ ಬೆಳೆದುಬಂದ ವೃಂದಗಾನದ ತಂತ್ರ ಇಲ್ಲಿ ಋಗ್ವೇದದ ಪ್ರಶ್ನೆಗೆ ಗಾಂಭೀರ್ಯ ಕೊಟ್ಟಿತು. ಎರಡು ಪರಂಪರೆಗಳ ಹೊಲಿಗೆ ಎಲ್ಲೂ ಎದ್ದು ಕಾಣುವುದಿಲ್ಲ. ಕಂತುಗಳ ಒಳಗೆ ಕಾಲಕ್ಕೆ ತಕ್ಕಂತೆ ಸಂಗೀತ ಬದಲಾಗುತ್ತಿತ್ತು. ಮಹಾಭಾರತದ ಕಂತುಗಳಲ್ಲಿ ಛತ್ತೀಸಗಡದ ಪಾಂಡವಾನಿ ಕಲಾವಿದೆ ತೀಜನ್ ಬಾಯಿ ಕಾಣಿಸಿಕೊಂಡರು.

ಕನ್ನಡದ ಸಮಾನಾಂತರ

ಭಾಟಿಯಾ ಹಿಂದಿ ಚಿತ್ರಗಳಲ್ಲಿ ಮಾಡುತ್ತಿದ್ದುದಕ್ಕೆ ಸಮಾನಾಂತರವಾದ ಕೆಲಸ ಕನ್ನಡದ ಹೊಸ ಅಲೆಯಲ್ಲಿ ಅದಕ್ಕೂ ಸ್ವಲ್ಪ ಮೊದಲೇ ಆರಂಭವಾಗಿತ್ತು. ‘ಸಂಸ್ಕಾರ’ಕ್ಕೆ (1970) ಸರೋದ್ ವಾದಕ ರಾಜೀವ ತಾರಾನಾಥ, ‘ವಂಶವೃಕ್ಷ’ಕ್ಕೆ ಭಾಸ್ಕರ ಚಂದಾವರ್ಕರ್ ಸಂಗೀತ ಕೊಟ್ಟರು. ರಂಗಭೂಮಿಯಿಂದ ಬಂದ ಬಿ.ವಿ. ಕಾರಂತರು ‘ಋಷ್ಯಶೃಂಗ’ ಮತ್ತು ‘ಘಟಶ್ರಾದ್ಧ’ಗಳಿಗೆ ಅನುಕ್ರಮವಾಗಿ 1976 ಮತ್ತು 1977ರ ರಾಷ್ಟ್ರಪ್ರಶಸ್ತಿ ಪಡೆದರು. ಜನಪ್ರಿಯ ಹಾಡುಗಳಿಗೆ ಹೆಸರಾದ ವಿಜಯಭಾಸ್ಕರ್, ಅಡೂರ್ ಗೋಪಾಲಕೃಷ್ಣನ್ ಅವರ ಮಲಯಾಳಂ ಚಿತ್ರ ‘ಮದಿಲುಗಳ್’ಗೆ ಹಿನ್ನೆಲೆ ಸಂಗೀತ ರಚಿಸಿದರು. ಕಿರುತೆರೆಯಲ್ಲಿ ಶಂಕರ್‌ನಾಗ್ ಆಗುಂಬೆಯಲ್ಲಿ ಚಿತ್ರೀಕರಿಸಿದ ‘ಮಾಲ್ಗುಡಿ ಡೇಸ್’ಗೆ ಎಲ್. ವೈದ್ಯನಾಥನ್ ಕೊಟ್ಟ ಶೀರ್ಷಿಕೆ ಸಂಗೀತ ಇಂದಿಗೂ ಕೇಳಿದೊಡನೆ ಗುರುತು ಸಿಗುತ್ತದೆ. ಈ ಎಲ್ಲರ ಹಿನ್ನೆಲೆ ಬೇರೆಬೇರೆ. ಹಾಡಿನ ಯಶಸ್ಸಿಗಿಂತ ಚಿತ್ರದ ಒಟ್ಟು ಧ್ವನಿಗೆ ಕಿವಿಗೊಟ್ಟದ್ದರಲ್ಲಿ ಮಾತ್ರ ಒಂದೇ ಬಳಗದವರು.

ಭಾಟಿಯಾ ಅವರಿಗೆ ಕನ್ನಡದೊಂದಿಗೆ ನೇರವಾದ ನಂಟು ಗಿರೀಶ್ ಕಾರ್ನಾಡರ ಮೂಲಕ ಬಂದದ್ದು. ಕಾರ್ನಾಡರು ‘ನಿಶಾಂತ್’, ‘ಮಂಥನ್’ಗಳಲ್ಲಿ ನಟರು, ‘ಭೂಮಿಕಾ’ ಮತ್ತು ‘ಕಲಿಯುಗ್’ಗಳಲ್ಲಿ ಚಿತ್ರಕಥೆಯ ಸಹಲೇಖಕರು. ಅವರ ‘ಅಗ್ನಿ ಮತ್ತು ಮಳೆ’ ನಾಟಕ ಮಹಾಭಾರತದ ವನಪರ್ವದ ಯವಕ್ರೀತನ ಕಥೆಯ ಮೇಲೆ ನಿಂತದ್ದು. ಯಜ್ಞ, ಅಸೂಯೆ, ಬರಗಾಲ, ನಾಟಕದೊಳಗಿನ ನಾಟಕ ಎಲ್ಲವೂ ಇರುವ ಈ ಕೃತಿಯನ್ನು ಭಾಟಿಯಾ ‘ಅಗ್ನಿವರ್ಷ’ ಎಂಬ ಒಪೆರಾ ಆಗಿಸಿದರು. ಒಪೆರಾದಲ್ಲಿ ಮಾತೆಲ್ಲ ಹಾಡೇ. ವಾದ್ಯವೃಂದ ಉದ್ದಕ್ಕೂ ಜೊತೆಗಿರುತ್ತದೆ. ಗಡುವಿಲ್ಲದೆ, ನಿರ್ಮಾಪಕರಿಲ್ಲದೆ ಇಳಿವಯಸ್ಸಿನಲ್ಲಿ ಅವರು ವರ್ಷಗಟ್ಟಲೆ ಇದರಲ್ಲಿ ತೊಡಗಿದ್ದರು. ಅದರ ಮೊದಲ ಅಂಕ ನ್ಯೂಯಾರ್ಕಿನಲ್ಲಿ ಪ್ರಸ್ತುತಗೊಂಡಿತು.

ಕಛೇರಿ ಸಂಗೀತವನ್ನೂ ಅವರು ಬಿಟ್ಟಿರಲಿಲ್ಲ. ಪಿಯಾನೊಗಾಗಿ ‘ಫ್ಯಾಂಟೇಸಿಯಾ ಅಂಡ್ ಫ್ಯೂಗ್’, ತಂತಿವಾದ್ಯಗಳಿಗಾಗಿ ‘ಸಿನ್‌ಫೋನಿಯಾ ಕನ್ಸರ್ಟಾಂಟೆ’ ಅವರ ರಚನೆಗಳು. ಪಂಚಭೂತಗಳನ್ನು ಕುರಿತ ಧ್ವನಿಸುರುಳಿ ಮಾಲಿಕೆಯಲ್ಲಿ ಭೂಮಿಯ ಭಾಗ ಅವರದು. ಚೆಲ್ಲೊಗಾಗಿ ಬರೆದ ‘ರೆವೆರಿ’ಯನ್ನು ಜಗದ್ವಿಖ್ಯಾತ ವಾದಕ ಯೊ-ಯೊ ಮಾ 2019ರಲ್ಲಿ ಮುಂಬಯಿಯಲ್ಲಿ ನುಡಿಸಿದರು.

ಗೌರವ ಮತ್ತು ಗಳಿಕೆ

1989ರಲ್ಲಿ ಸಂಗೀತ ನಾಟಕ ಅಕಾಡೆಮಿ ಪ್ರಶಸ್ತಿ, 2012ರಲ್ಲಿ ಪದ್ಮಶ್ರೀ ಭಾಟಿಯಾ ಅವರಿಗೆ ಸಂದವು. ಆದರೆ ಕೊನೆಯ ವರ್ಷಗಳಲ್ಲಿ ಅನಾರೋಗ್ಯದ ಜೊತೆಗೆ ಹಣದ ಅಡಚಣೆಯೂ ಅವರನ್ನು ಕಾಡಿದ ಸುದ್ದಿ 2019ರಲ್ಲಿ ಪತ್ರಿಕೆಗಳಲ್ಲಿ ಬಂತು. ಅಭಿಮಾನಿಗಳೂ ಸಂಗೀತಗಾರರ ಸಂಘಟನೆಯೂ ನೆರವಿಗೆ ಬಂದರು. ಸಾವಿರಾರು ಜಿಂಗಲ್, ಹತ್ತಾರು ಚಿತ್ರ, ಮತ್ತೆಮತ್ತೆ ಪ್ರಸಾರವಾದ ಧಾರಾವಾಹಿಗಳ ರಚನೆಕಾರನಿಗೆ ಹೀಗೇಕಾಯಿತು ಎಂಬುದಕ್ಕೆ ಉತ್ತರ ಈ ವೃತ್ತಿಯ ಸಂಭಾವನೆಯ ಕ್ರಮದಲ್ಲಿದೆ.

ಅವರ ಕಾಲದಲ್ಲಿ ರಚನೆಕಾರನಿಗೆ ಸಿಗುತ್ತಿದ್ದುದು ಒಂದೇ ಸಲದ ಸಂಭಾವನೆ. ಹಣ ಕೈಸೇರಿದ ಮೇಲೆ ಸಂಗೀತದ ಹಕ್ಕು ನಿರ್ಮಾಪಕರದು ಅಥವಾ ಧ್ವನಿಮುದ್ರಣ ಕಂಪನಿಯದು. ಅದೇ ರಾಗ ಮುಂದೆ ಎಷ್ಟೇ ಸಲ ಪ್ರಸಾರವಾದರೂ, ಮಾರಾಟವಾದರೂ ಬರೆದವನಿಗೆ ಬಿಡಿಗಾಸೂ ಸೇರಬೇಕಿರಲಿಲ್ಲ. ಗೀತರಚನೆಕಾರರು ಮತ್ತು ಸಂಗೀತ ನಿರ್ದೇಶಕರ ಪರವಾಗಿ ರಾಯಲ್ಟಿ ಸಂಗ್ರಹಿಸುವ ಇಂಡಿಯನ್ ಪರ್ಫಾರ್ಮಿಂಗ್ ರೈಟ್ ಸೊಸೈಟಿ 1969ರಲ್ಲೇ ಹುಟ್ಟಿದ್ದರೂ, ಒಪ್ಪಂದಗಳಲ್ಲಿ ಹಕ್ಕನ್ನೆಲ್ಲ ಬರೆಸಿಕೊಳ್ಳುವ ರೂಢಿಯ ಎದುರು ಅದರ ಬಲ ಸಾಲದಾಗಿತ್ತು. 2012ರ ಕೃತಿಸ್ವಾಮ್ಯ ತಿದ್ದುಪಡಿ ಈ ಸ್ಥಿತಿಯನ್ನು ಕಾನೂನಿನ ಮಟ್ಟದಲ್ಲಿ ಬದಲಿಸಿತು. ಚಿತ್ರದ ಭಾಗವಾಗಿ ಚಿತ್ರಮಂದಿರದಲ್ಲಿ ಪ್ರದರ್ಶನವಾಗುವುದರ ಹೊರತಾಗಿ ಬೇರೆ ಯಾವ ರೀತಿಯ ಬಳಕೆಯಾದರೂ ಗೀತರಚನೆಕಾರ ಮತ್ತು ಸಂಗೀತ ರಚನೆಕಾರರಿಗೆ ರಾಯಲ್ಟಿಯ ಪಾಲು ಸಲ್ಲಬೇಕು, ಆ ಪಾಲನ್ನು ಬಿಟ್ಟುಕೊಡುವಂತೆ ಬರೆಸಿಕೊಳ್ಳುವಂತಿಲ್ಲ ಎಂದು ಅದು ಹೇಳುತ್ತದೆ. ಭಾಟಿಯಾ ಅವರ ಮುಖ್ಯ ಕೆಲಸವೆಲ್ಲ ಅದಕ್ಕೆ ಎಷ್ಟೋ ಮುಂಚೆ ಮುಗಿದಿತ್ತು.

ವನರಾಜ್ ಭಾಟಿಯಾ 2021ರ ಮೇ 7ರಂದು ಮುಂಬಯಿಯ ತಮ್ಮ ಮನೆಯಲ್ಲಿ, 94 ತುಂಬಲು ಕೆಲವೇ ವಾರಗಳಿರುವಾಗ ತೀರಿಕೊಂಡರು. ಅವರದೆಂದು ಹೇಳಬಹುದಾದ ಒಂದು ಶೈಲಿ ಇಲ್ಲ ಎಂಬುದು ಸಂಗೀತ ಚರಿತ್ರೆ ಬರೆಯುವವರಿಗೆ ತೊಡಕಾದೀತು. ಚಿತ್ರಸಂಗೀತದ ಕಸುಬು ಕಲಿಯುವವರಿಗೆ ಅದೇ ಪಾಠ. ‘ಮಂಥನ್’ ಹಾಡು ಗುಜರಾತಿನ ಹೊಲದ್ದಾಗಿ, ‘ಭೂಮಿಕಾ’ದ ಹಾಡು ಹಳೆಯ ಸ್ಟುಡಿಯೊದ್ದಾಗಿ, ನಾಸದೀಯ ಸೂಕ್ತ ಹಿಂದೆಂದೂ ಕೇಳಿರದಂತೆ ಬರಬೇಕಾದರೆ, ರಚನೆಕಾರನಿಗೆ ಎಲ್ಲವೂ ಗೊತ್ತಿರಬೇಕು ಮತ್ತು ಗೊತ್ತಿರುವುದರಲ್ಲಿ ಕಥೆಗೆ ಬೇಡದ್ದನ್ನು ಬಿಡುವ ಸಂಯಮವೂ ಇರಬೇಕು.